ಹಿಂಬಾಗಿಲು ತೆರೆದಿಟ್ಟವರು ಯಾರು?

ರಸ್ತೆ ಸಾರಿಗೆ ನಿಗಮಗಳಲ್ಲಿ ಬದಲಿ, ದಿನಗೂಲಿ, ಕ್ಯಾಶುಯಲ್ ಎಂಬ ಹೆಸರುಗಳಲ್ಲಿ ವರ್ಷಗಟ್ಟಲೆ ದುಡಿದ ಚಾಲಕರು, ನಿರ್ವಾಹಕರು, ಮೆಕ್ಯಾನಿಕ್‌ಗಳು, ಬಸ್ ತೊಳೆಯುವವರು ತಮ್ಮನ್ನು ಕಾಯಂ ಮಾಡಬೇಕೆಂದು ಕೋರ್ಟಿಗೆ ಹೋದ ಸುದ್ದಿ ಬಂದಾಗಲೆಲ್ಲ ಒಂದು ಅಭಿಪ್ರಾಯ ಅದರ ಬೆನ್ನಿಗೇ ಬರುತ್ತದೆ. ಅದನ್ನು ಅದರ ಪೂರ್ಣ ಬಲದಲ್ಲೇ ಹೇಳಬೇಕು. ಸಾರ್ವಜನಿಕ ನೌಕರಿ ಯಾರೊಬ್ಬರ ಸ್ವತ್ತೂ ಅಲ್ಲ. ಸಂವಿಧಾನದ 14 ಮತ್ತು 16ನೇ ವಿಧಿಗಳು ಅದನ್ನು ಎಲ್ಲ ಅರ್ಹರಿಗೂ ಸಮಾನವಾಗಿ ತೆರೆದಿಟ್ಟಿವೆ. ಅಧಿಸೂಚನೆ ಹೊರಡಿಸಿ, ಅರ್ಜಿ ಕರೆದು, ಮೀಸಲಾತಿಯ ರೋಸ್ಟರ್ ಪಾಲಿಸಿ ತುಂಬಬೇಕಾದ ಹುದ್ದೆಗೆ ಯಾರದೋ ಶಿಫಾರಸಿನಿಂದ ತಾತ್ಕಾಲಿಕವಾಗಿ ಸೇರಿಕೊಂಡವರು ಕೆಲವು ವರ್ಷ ಕಳೆದ ಮೇಲೆ ಕೋರ್ಟಿನ ಆದೇಶ ತಂದು ಅಲ್ಲೇ ಉಳಿದರೆ, ಅಧಿಸೂಚನೆಗಾಗಿ ಕಾಯುತ್ತಿರುವ ಹಳ್ಳಿಯ ಹುಡುಗ ಹುಡುಗಿಯರ ಪಾಲು ಹೋದಂತೆಯೇ. ತಾತ್ಕಾಲಿಕ ಎಂದು ತಿಳಿದೇ ಸೇರಿದವರಿಗೆ ಆಮೇಲೆ ಕಾಯಂ ಕೇಳುವ ಹಕ್ಕು ಎಲ್ಲಿಂದ ಬಂತು? 2006ರ ಉಮಾದೇವಿ ತೀರ್ಪು ಈ ಬಾಗಿಲನ್ನು ಮುಚ್ಚಿಯೇ ಬಿಟ್ಟಿದೆ. ನಿಗಮಗಳಂತೂ ನಷ್ಟದಲ್ಲಿವೆ. ಇದು ಆ ವಾದ. ಹೀಗೆ ಹೇಳುವವರೆಲ್ಲ ಕಾರ್ಮಿಕ ವಿರೋಧಿಗಳಲ್ಲ. ನ್ಯಾಯದ ಕಾಳಜಿಯಿಂದಲೇ ಹೇಳುವವರು ಬಹಳ ಮಂದಿ ಇದ್ದಾರೆ. ಆದರೆ ಒಂದೊಂದಾಗಿ ಕೇಳಬೇಕಾದ ಪ್ರಶ್ನೆಗಳನ್ನು ಈ ವಾದ ಒಟ್ಟಿಗೆ ಕಲಸಿಬಿಟ್ಟಿದೆ. ಅವುಗಳನ್ನು ಬೇರ್ಪಡಿಸದೆ ಒಳಗಿರುವವರಿಗೂ ನ್ಯಾಯ ಸಿಗದು, ಹೊರಗೆ ಕಾಯುತ್ತಿರುವವರಿಗೂ ಸಿಗದು.

ಮೊದಲು ತೀರ್ಪಿನ ವಿಚಾರ. ‘ಕರ್ನಾಟಕ ಸರ್ಕಾರ ವಿರುದ್ಧ ಉಮಾದೇವಿ’ ಪ್ರಕರಣ ನಮ್ಮ ರಾಜ್ಯದ್ದೇ. ವಾಣಿಜ್ಯ ತೆರಿಗೆ ಇಲಾಖೆಯ ದಿನಗೂಲಿ ನೌಕರರಿಂದ ಹುಟ್ಟಿದ್ದು. 2006ರ ಏಪ್ರಿಲ್ 10ರಂದು ಸುಪ್ರೀಂ ಕೋರ್ಟಿನ ಐವರು ನ್ಯಾಯಮೂರ್ತಿಗಳ ಸಂವಿಧಾನ ಪೀಠ, ಬಹಳ ಕಾಲ ದುಡಿದ ಮಾತ್ರಕ್ಕೆ ಕಾಯಂ ಆಗುವ ಹಕ್ಕು ಹುಟ್ಟದು, ಹೈಕೋರ್ಟುಗಳು 226ನೇ ವಿಧಿಯ ಅಧಿಕಾರ ಬಳಸಿ ಹೀಗೆ ಸಕ್ರಮಗೊಳಿಸುವ ಆದೇಶಗಳನ್ನು ಕೊಡುತ್ತ ಹೋಗಬಾರದು ಎಂದು ಹೇಳಿತು. ಜನರ ನೆನಪಿನಲ್ಲಿ ಉಳಿದಿರುವುದು ಇಷ್ಟೇ. ಅದೇ ತೀರ್ಪು ಸರ್ಕಾರಗಳಿಗೂ ಎರಡು ಕೆಲಸ ಹಚ್ಚಿತ್ತು. ಮಂಜೂರಾದ ಖಾಲಿ ಹುದ್ದೆಯಲ್ಲಿ, ಅರ್ಹತೆಯುಳ್ಳವರಾಗಿ, ಕೋರ್ಟಿನ ಆದೇಶದ ಆಸರೆಯಿಲ್ಲದೆ ಹತ್ತು ವರ್ಷ ದುಡಿದವರ ನೇಮಕಾತಿಯಲ್ಲಿ ಬರೀ ಕ್ರಮಲೋಪವಿದ್ದರೆ, ಅಂಥವರನ್ನು ಒಂದು ಬಾರಿಯ ಕ್ರಮವಾಗಿ ಸಕ್ರಮಗೊಳಿಸಬೇಕು. ಆ ಕೆಲಸ ಆರು ತಿಂಗಳೊಳಗೆ ಶುರುವಾಗಬೇಕು. ಜೊತೆಗೆ ತಾತ್ಕಾಲಿಕ ನೌಕರರಿಂದ ನಡೆಸುತ್ತಿರುವ ಮಂಜೂರಾದ ಖಾಲಿ ಹುದ್ದೆಗಳಿಗೆ ನಿಯಮಿತ ನೇಮಕಾತಿ ನಡೆಸಬೇಕು. ಸರ್ಕಾರಗಳು ತಮಗೆ ಅನುಕೂಲವಾದ ಭಾಗವನ್ನು ಪ್ರತಿಯೊಂದು ಆಕ್ಷೇಪಣಾ ಪತ್ರದಲ್ಲೂ ಉದ್ಧರಿಸಿದವು. ತಮ್ಮ ಮೇಲೆ ಹೊರಿಸಿದ ಭಾಗವನ್ನು ಮರೆತವು. 2010ರ ಎಂ.ಎಲ್. ಕೇಸರಿ ಪ್ರಕರಣದಲ್ಲಿ, ಅದೂ ಕರ್ನಾಟಕದ್ದೇ, ಅರ್ಹರಾದ ಎಲ್ಲರನ್ನೂ ಪರಿಗಣಿಸುವವರೆಗೆ ಆ ಒಂದು ಬಾರಿಯ ಕ್ರಮ ಮುಗಿದಂತಲ್ಲ ಎಂದು ಸುಪ್ರೀಂ ಕೋರ್ಟ್ ಸ್ಪಷ್ಟಪಡಿಸಬೇಕಾಯಿತು. 2024ರ ಡಿಸೆಂಬರಿನ ಜಗ್ಗೋ ಪ್ರಕರಣದಲ್ಲೂ, 2025ರ ಜನವರಿಯಲ್ಲಿ ಗಾಜಿಯಾಬಾದ್ ನಗರ ನಿಗಮದ ತೋಟದ ಕೆಲಸಗಾರರ ಪ್ರಕರಣದಲ್ಲೂ, ದೀರ್ಘಕಾಲದ ಶೋಷಣೆಗೆ ಉಮಾದೇವಿ ತೀರ್ಪನ್ನು ಗುರಾಣಿ ಮಾಡಿಕೊಳ್ಳಲಾಗದು ಎಂಬ ಅರ್ಥದ ಮಾತುಗಳನ್ನು ಅದೇ ಕೋರ್ಟ್ ಆಡಿದೆ. ಬಾಗಿಲು ಮುಚ್ಚಿದೆ ಎನ್ನುವವರು ತೀರ್ಪಿನ ಅರ್ಧವನ್ನಷ್ಟೇ ಓದಿದ್ದಾರೆ.

ಅದಕ್ಕಿಂತ ಮುಖ್ಯವಾದ ವ್ಯತ್ಯಾಸ ಇನ್ನೊಂದಿದೆ. ಉಮಾದೇವಿ ಪ್ರಕರಣದಲ್ಲಿ ಇದ್ದವರು ಸರ್ಕಾರಿ ಇಲಾಖೆಯವರು. ಸಾರಿಗೆ ನಿಗಮ 1950ರ ರಸ್ತೆ ಸಾರಿಗೆ ನಿಗಮಗಳ ಕಾಯ್ದೆಯಡಿ ಹುಟ್ಟಿದ ಸಂಸ್ಥೆ; ಕಾರ್ಮಿಕ ಕಾನೂನಿನ ಕಣ್ಣಿನಲ್ಲಿ ಅದು ಕೈಗಾರಿಕೆ, ಅದರ ಚಾಲಕ ನಿರ್ವಾಹಕರು ಕಾರ್ಮಿಕರು. 1947ರ ಕೈಗಾರಿಕಾ ವಿವಾದಗಳ ಕಾಯ್ದೆಗೆ 1982ರಲ್ಲಿ ತಂದು 1984ರಲ್ಲಿ ಜಾರಿಗೊಳಿಸಿದ ತಿದ್ದುಪಡಿ ಐದನೆಯ ಅನುಸೂಚಿಯೊಂದನ್ನು ಸೇರಿಸಿತು. ಅನುಚಿತ ಕಾರ್ಮಿಕ ಪದ್ಧತಿಗಳ ಆ ಪಟ್ಟಿಯ ಹತ್ತನೆಯ ನಮೂದು ನೇರವಾಗಿ ಇವರ ಬಗ್ಗೆಯೇ ಇದೆ: ಕಾಯಂ ಕಾರ್ಮಿಕರ ಸ್ಥಾನಮಾನ, ಸವಲತ್ತುಗಳನ್ನು ತಪ್ಪಿಸುವ ಉದ್ದೇಶದಿಂದ ಕಾರ್ಮಿಕರನ್ನು ಬದಲಿ, ಕ್ಯಾಶುಯಲ್ ಅಥವಾ ತಾತ್ಕಾಲಿಕರೆಂದು ನೇಮಿಸಿ ವರ್ಷಗಟ್ಟಲೆ ಹಾಗೆಯೇ ಮುಂದುವರಿಸುವುದು. ಹಾಗೆ ಮಾಡುವುದು ಆರು ತಿಂಗಳವರೆಗೆ ಸಜೆ ವಿಧಿಸಬಹುದಾದ ಅಪರಾಧ ಎಂದೂ ಕಾಯ್ದೆ ಹೇಳಿತು. ಅದರ ಜಾಗಕ್ಕೆ ಬಂದು 2025ರ ನವೆಂಬರಿನಿಂದ ಜಾರಿಯಲ್ಲಿರುವ ಕೈಗಾರಿಕಾ ಸಂಬಂಧಗಳ ಸಂಹಿತೆಯೂ ಈ ನಮೂದನ್ನು ತನ್ನ ಎರಡನೆಯ ಅನುಸೂಚಿಯಲ್ಲಿ ಉಳಿಸಿಕೊಂಡಿದೆ. ಅಂದರೆ ಕಾರ್ಮಿಕ ನ್ಯಾಯಾಲಯಕ್ಕೆ ಹೋಗುವ ಬದಲಿ ಚಾಲಕ ಯಾರ ಕರುಣೆಯನ್ನೂ ಬೇಡುತ್ತಿಲ್ಲ. ಸಂಸತ್ತು ಅಪರಾಧ ಎಂದು ಹೆಸರಿಸಿದ ನಡತೆಗೆ ತಾನು ಗುರಿಯಾಗಿದ್ದೇನೆ ಎಂದು ದೂರು ಕೊಡುತ್ತಿದ್ದಾನೆ. ಇದನ್ನು ಸುಪ್ರೀಂ ಕೋರ್ಟ್ ಒಪ್ಪಿದ್ದು ಸಾರಿಗೆ ನಿಗಮದ ಮೊಕದ್ದಮೆಯೊಂದರಲ್ಲೇ. ಮಹಾರಾಷ್ಟ್ರ ರಾಜ್ಯ ರಸ್ತೆ ಸಾರಿಗೆ ನಿಗಮದಲ್ಲಿ 1980ರ ದಶಕದಿಂದ ಬಸ್ ಸ್ವಚ್ಛಗೊಳಿಸುತ್ತಿದ್ದ ಕ್ಯಾಶುಯಲ್ ಕಾರ್ಮಿಕರ ಪರವಾಗಿ ಕಾಸ್ಟ್ರೈಬ್ ನೌಕರರ ಸಂಘಟನೆ ನಡೆಸಿದ ಪ್ರಕರಣದಲ್ಲಿ, ಅನುಚಿತ ಕಾರ್ಮಿಕ ಪದ್ಧತಿ ಸಾಬೀತಾಗಿ ಹುದ್ದೆಗಳೂ ಇರುವಲ್ಲಿ ಕಾಯಂ ಮಾಡುವಂತೆ ಆದೇಶಿಸಲು ಆ ರಾಜ್ಯದ 1971ರ ಕಾರ್ಮಿಕ ಕಾಯ್ದೆ ಕೊಟ್ಟ ಅಧಿಕಾರವನ್ನು ಉಮಾದೇವಿ ತೀರ್ಪು ಕಿತ್ತುಕೊಂಡಿಲ್ಲ ಎಂದು 2009ರ ಆಗಸ್ಟಿನಲ್ಲಿ ತೀರ್ಮಾನವಾಯಿತು. ಐದು ವರ್ಷಗಳ ತರುವಾಯ ಆಹಾರ ನಿಗಮದ ಪ್ರಕರಣವೊಂದರಲ್ಲಿ ಕೇಂದ್ರದ ಕಾಯ್ದೆಗೂ ಸುಪ್ರೀಂ ಕೋರ್ಟ್ ಇದೇ ತರ್ಕವನ್ನು ವಿಸ್ತರಿಸಿತು. ಹುದ್ದೆಯೇ ಇಲ್ಲದಲ್ಲಿ ಮಾತ್ರ ಕಾಯಂಗೆ ಆದೇಶಿಸುವಂತಿಲ್ಲ ಎಂಬ ಮಿತಿಯನ್ನೂ ಅದು ಹಾಕಿತು. ಆ ಮಿತಿ ಸರಿಯಾದದ್ದೇ.

ಹಾಗಾದರೆ ಪ್ರತಿಯೊಂದು ಪ್ರಕರಣದಲ್ಲೂ ಕೇಳಬೇಕಾದ ಪ್ರಶ್ನೆಗಳು ಮೂರು.

1. ಕೆಲಸ ಕಾಯಂ ಸ್ವರೂಪದ್ದೇ? ಜಾತ್ರೆಗೆಂದು ಒಂದು ವಾರ ಹೆಚ್ಚುವರಿ ಬಸ್ ಬಿಟ್ಟಾಗ ಕರೆಸಿಕೊಂಡ ಚಾಲಕನ ಕೆಲಸ ತಾತ್ಕಾಲಿಕ. ಡಿಪೋದ ಷೆಡ್ಯೂಲಿನಲ್ಲಿ ವರ್ಷವಿಡೀ ಹೊರಡುವ ಬೆಳಗಿನ ಆರು ಗಂಟೆಯ ಬಸ್ಸಿನ ಡ್ಯೂಟಿ ತಾತ್ಕಾಲಿಕವಲ್ಲ, ಅದನ್ನು ಯಾರು ಮಾಡಿದರೂ ಅಲ್ಲ.

2. ಹುದ್ದೆ ಮಂಜೂರಾಗಿ ಖಾಲಿ ಬಿದ್ದಿದೆಯೇ? ನಿವೃತ್ತರಾದವರ ಜಾಗ ತುಂಬದೆ ಬದಲಿಗಳಿಂದ ಬಸ್ ಓಡಿಸುತ್ತಿದ್ದರೆ ಹುದ್ದೆ ಇದೆ ಎಂದೇ ಅರ್ಥ.

3. ಆಯ್ಕೆ ಹೇಗಾಯಿತು? ಜಾಹೀರಾತು ನೋಡಿ ಅಥವಾ ಉದ್ಯೋಗ ವಿನಿಮಯ ಕಚೇರಿಯ ಮೂಲಕ ಬಂದು, ಭಾರೀ ವಾಹನದ ಪರವಾನಗಿ ತೋರಿಸಿ, ಚಾಲನಾ ಪರೀಕ್ಷೆ ಪಾಸಾದವನೂ, ಯಾರಿಗೋ ಹಣ ಕೊಟ್ಟು ಒಳಬಂದವನೂ ಒಂದೇ ಅಲ್ಲ.

ಜನಪ್ರಿಯ ವಾದ ಮೂರನೆಯ ಪ್ರಶ್ನೆಯನ್ನಷ್ಟೇ ಕೇಳುತ್ತದೆ. ಅದಕ್ಕೂ ಎಲ್ಲರ ಪರವಾಗಿ ಒಂದೇ ಉತ್ತರ ಇಟ್ಟುಕೊಂಡಿರುತ್ತದೆ. ಹಣ ಕೊಟ್ಟು ಬಂದವನ ನೇಮಕವನ್ನು ಸಕ್ರಮಗೊಳಿಸಬೇಕೆಂದು ನಾನು ವಾದಿಸುವುದಿಲ್ಲ. ಆದರೆ ಹಾಗೆ ಬಂದಿದ್ದಾನೆ ಎಂದು ತೋರಿಸುವ ಹೊಣೆ ನಿಗಮದ ಮೇಲಿರಬೇಕು, ಏಕೆಂದರೆ ಒಳಗೆ ಬಿಟ್ಟುಕೊಂಡದ್ದು ಅದೇ. ಹಿಂಬಾಗಿಲಿನ ಬೀಗದ ಕೈ ಎಂದೂ ಕಾರ್ಮಿಕನ ಬಳಿ ಇರಲಿಲ್ಲ. ಆ ಬಾಗಿಲು ತೆರೆದಿಟ್ಟು, ಅದರಿಂದ ಬಂದವರ ಶ್ರಮವನ್ನು ಕಡಿಮೆ ಕೂಲಿಗೆ ಪಡೆದು, ಕೊನೆಗೆ ಬಾಗಿಲಿನ ಹೆಸರು ಹೇಳಿ ಅವರನ್ನೇ ಹೊರಹಾಕುವ ಮಾಲೀಕನಿಗೆ ಅದರಿಂದ ಎರಡೆರಡು ಲಾಭ. ತನ್ನ ತಪ್ಪಿನಿಂದ ತಾನೇ ಲಾಭ ಪಡೆಯುವಂತಿಲ್ಲ ಎಂಬುದು ಕಾನೂನಿನ ಬಹಳ ಹಳೆಯ ನಿಯಮ. ಮಾಲೀಕ ಸರ್ಕಾರ ಎಂದಾಕ್ಷಣ ಅದು ಸಡಿಲವಾಗಬಾರದು.

‘ತಿಳಿದೇ ಸೇರಿದ್ದರಲ್ಲ’ ಎಂಬ ಮಾತಿಗೆ ಬರೋಣ. ಉಮಾದೇವಿ ತೀರ್ಪಿನಲ್ಲೂ ಈ ತರ್ಕವಿದೆ ಎಂಬುದನ್ನು ಮುಚ್ಚಿಡಬೇಕಿಲ್ಲ. ಆದರೆ ಒಪ್ಪಿಗೆಯಿಂದಲೇ ಎಲ್ಲವೂ ಸರಿಯಾಗುವುದಾದರೆ ಕನಿಷ್ಠ ಕೂಲಿ ಕಾನೂನಿಗೆ ಅರ್ಥವೇ ಇರುತ್ತಿರಲಿಲ್ಲ. ಕಡಿಮೆ ಕೂಲಿಗೆ ಒಪ್ಪಿದವರೂ ತಿಳಿದೇ ಒಪ್ಪಿರುತ್ತಾರೆ. ಹಸಿವಿನ ಒತ್ತಡವೂ ಬಲವಂತವೇ ಎಂದು ಏಷ್ಯಾಡ್ ಕಾಮಗಾರಿ ಕಾರ್ಮಿಕರ ಪ್ರಕರಣದಲ್ಲಿ 1982ರಲ್ಲೇ ಸುಪ್ರೀಂ ಕೋರ್ಟ್ ಹೇಳಿತ್ತು. 1986ರಲ್ಲಿ, ಸೆಂಟ್ರಲ್ ಇನ್‌ಲ್ಯಾಂಡ್ ವಾಟರ್ ಟ್ರಾನ್ಸ್‌ಪೋರ್ಟ್ ಎಂಬ ಸರ್ಕಾರಿ ಜಲಸಾರಿಗೆ ಕಂಪನಿಯ ಪ್ರಕರಣದಲ್ಲಿ, ಚೌಕಾಸಿಯ ಬಲವೇ ಇಲ್ಲದವನಿಂದ ಸಹಿ ಹಾಕಿಸಿಕೊಂಡ ಅನ್ಯಾಯದ ಷರತ್ತು ಊರ್ಜಿತವಲ್ಲ ಎಂದಿತು. ಒಂದೇ ರೂಟಿನಲ್ಲಿ, ಒಂದೇ ಬಸ್ಸನ್ನು, ಇಂದು ಕಾಯಂ ಚಾಲಕನೂ ನಾಳೆ ಬದಲಿ ಚಾಲಕನೂ ಓಡಿಸುತ್ತಾರೆ. ಅಪಘಾತವಾದರೆ ಇಬ್ಬರ ಮೇಲೂ ಒಂದೇ ಕಲಮಿನ ಕೇಸು ಬೀಳುತ್ತದೆ. ಹೊಣೆ ಸಮಾನವಾಗಿರುವಲ್ಲಿ ಭದ್ರತೆ ಮಾತ್ರ ಸಮಾನವಾಗಿಲ್ಲ ಎಂಬುದಕ್ಕೆ ‘ನೀನೇ ಒಪ್ಪಿದ್ದೆ’ ಎಂಬುದು ಉತ್ತರವಾಗಲಾರದು.

ಕಾರ್ಮಿಕರ ಕಡೆಯಲ್ಲೂ ಒಂದು ತಪ್ಪು ತಿಳಿವಳಿಕೆ ಗಟ್ಟಿಯಾಗಿ ಕೂತಿದೆ: 240 ದಿನ ತುಂಬಿದರೆ ಕಾಯಂ ಎಂಬುದು. ಡಿಪೋಗಳಲ್ಲಿ ಈ ಸಂಖ್ಯೆಯನ್ನು ಜಪದಂತೆ ಹೇಳುವವರಿದ್ದಾರೆ. ಹನ್ನೆರಡು ತಿಂಗಳಲ್ಲಿ 240 ದಿನ ದುಡಿದವನು ಒಂದು ವರ್ಷ ಸತತ ಸೇವೆ ಸಲ್ಲಿಸಿದಂತೆ ಎಂದು ಕೈಗಾರಿಕಾ ವಿವಾದಗಳ ಕಾಯ್ದೆ ಹೇಳಿತು. ಅಂಥವನನ್ನು ತೆಗೆಯಬೇಕಾದರೆ ಒಂದು ತಿಂಗಳ ನೋಟಿಸು, ಸೇವೆಯ ಪ್ರತಿ ವರ್ಷಕ್ಕೆ ಹದಿನೈದು ದಿನಗಳ ಸರಾಸರಿ ವೇತನದ ಪರಿಹಾರ ಕೊಡಬೇಕು ಎಂದಿತು. ಅಷ್ಟೇ. ಅದು ತೆಗೆಯುವ ವಿಧಾನದ ರಕ್ಷಣೆ. ಕಾಯಂ ಹಕ್ಕನ್ನು ಅದು ಕೊಡಲಿಲ್ಲ. ಕಾಯಂ ಹಕ್ಕು ಕೊಟ್ಟಿರುವುದು ತಮಿಳುನಾಡಿನ 1981ರ ಕಾಯ್ದೆ: ಇಪ್ಪತ್ನಾಲ್ಕು ತಿಂಗಳಲ್ಲಿ 480 ದಿನ ಸತತ ಸೇವೆ ಮುಗಿಸಿದ ಕಾರ್ಮಿಕನನ್ನು ಕಾಯಂ ಮಾಡಲೇಬೇಕು. ಅಲ್ಲಿನ ಸಾರಿಗೆ ನಿಗಮಗಳ ಚಾಲಕ ನಿರ್ವಾಹಕರು ಈ ಕಾಯ್ದೆ ಹಿಡಿದೇ ಹೋರಾಡುತ್ತಾರೆ. ಕರ್ನಾಟಕದಲ್ಲಿ ಅಂಥ ಪ್ರತ್ಯೇಕ ಕಾಯ್ದೆಯಿಲ್ಲ. ಇಲ್ಲಿ 240 ದಿನವನ್ನು ಸಾಬೀತುಪಡಿಸುವುದೇ ಒಂದು ಯುದ್ಧ. ರುಜುವಾತಿನ ಹೊಣೆ ಕಾರ್ಮಿಕನದು, ಅವನ ಪ್ರಮಾಣಪತ್ರವೊಂದೇ ಸಾಲದು ಎಂದು ಕರ್ನಾಟಕದಿಂದಲೇ ಹೋದ ಪ್ರಕರಣವೊಂದರಲ್ಲಿ 2002ರಲ್ಲಿ ಸುಪ್ರೀಂ ಕೋರ್ಟ್ ಹೇಳಿತು. 2005ರಲ್ಲಿ ಇನ್ನೊಂದು ಪ್ರಕರಣದಲ್ಲಿ, ಅದೂ ಇಲ್ಲಿಂದಲೇ ಹೋದದ್ದು, ಕಾರ್ಮಿಕ ಸಾಕ್ಷಿಕಟ್ಟೆ ಹತ್ತಿ ನುಡಿದು, ಹಾಜರಾತಿ ಪುಸ್ತಕ ತರಿಸಿ ಎಂದು ಕೇಳಿದ ಮೇಲೂ ಮಾಲೀಕ ಅದನ್ನು ಹಾಜರುಪಡಿಸದಿದ್ದರೆ ಕೋರ್ಟ್ ಅದನ್ನು ಗಮನಿಸಬಹುದು ಎಂಬಷ್ಟರ ಮಟ್ಟಿಗೆ ಈ ಬಿಗಿ ಸಡಿಲವಾಯಿತು. ಚಾಲಕನ ಲಾಗ್ ಶೀಟು, ನಿರ್ವಾಹಕನ ವೇ ಬಿಲ್ಲು, ಟಿಕೆಟ್ ಯಂತ್ರದ ಲೆಕ್ಕ, ಹಾಜರಾತಿ, ಎಲ್ಲವೂ ನಿಗಮದ ಕಪಾಟಿನಲ್ಲಿರುತ್ತವೆ. ಪ್ರತಿ ಟ್ರಿಪ್ಪಿನ ಪ್ರತಿ ರೂಪಾಯಿಯ ಲೆಕ್ಕ ಕಟ್ಟಿಸಿಕೊಳ್ಳುವ ಸಂಸ್ಥೆ, ಅದೇ ನಿರ್ವಾಹಕ ಎಷ್ಟು ದಿನ ಬಂದಿದ್ದ ಎಂಬ ಪ್ರಶ್ನೆಗೆ ದಾಖಲೆ ಲಭ್ಯವಿಲ್ಲ ಎಂದರೆ ಅದನ್ನು ನಂಬುವ ಅಗತ್ಯ ಯಾವ ಕೋರ್ಟಿಗೂ ಇಲ್ಲ.

ಈಗ ಅತ್ಯಂತ ಗಟ್ಟಿಯಾದ ಆಕ್ಷೇಪ: ಹೊರಗೆ ಕಾಯುತ್ತಿರುವ ಅಭ್ಯರ್ಥಿ. ಇದನ್ನು ಅಳೆಯಲು ಕೇರಳಕ್ಕಿಂತ ಒಳ್ಳೆಯ ಉದಾಹರಣೆಯಿಲ್ಲ. ಮಂಗಳೂರು–ಕಾಸರಗೋಡು ರಸ್ತೆಯಲ್ಲಿ ನಮ್ಮ ನಿಗಮದ ಬಸ್ಸಿನ ಜೊತೆಗೇ ಓಡುವ ಕೇರಳ ನಿಗಮದ ಬಸ್ಸುಗಳಲ್ಲಿ ಗಡಿನಾಡ ಕನ್ನಡಿಗರೂ ದಿನಾ ಓಡಾಡುತ್ತಾರೆ. ಆ ನಿಗಮ ‘ಎಂಪ್ಯಾನೆಲ್’ ನೌಕರರೆಂಬ ತಾತ್ಕಾಲಿಕರನ್ನು ಸಾವಿರಾರು ಸಂಖ್ಯೆಯಲ್ಲಿ ದುಡಿಸಿಕೊಂಡಿತ್ತು. ಇತ್ತ ಲೋಕಸೇವಾ ಆಯೋಗ ಆಯ್ಕೆ ಮಾಡಿ ಶಿಫಾರಸು ಮಾಡಿದ್ದ ನಿರ್ವಾಹಕ ಅಭ್ಯರ್ಥಿಗಳು ನೇಮಕದ ಆದೇಶಕ್ಕಾಗಿ ಕಾದು ಕಾದು ಹೈಕೋರ್ಟಿಗೆ ಹೋದರು. 2018ರ ಡಿಸೆಂಬರಿನಲ್ಲಿ ಕೋರ್ಟ್ ಅವರ ಪರವಾಗಿ ನಿಂತಿತು. 3,800ಕ್ಕೂ ಹೆಚ್ಚು ತಾತ್ಕಾಲಿಕ ನಿರ್ವಾಹಕರು ಒಂದೇ ಏಟಿಗೆ ಮನೆಗೆ ಹೋದರು. ನಿರ್ವಾಹಕರಿಲ್ಲದೆ ಟ್ರಿಪ್ಪುಗಳು ರದ್ದಾದವು. ಆ ಎರಡು ಗುಂಪುಗಳಲ್ಲಿ ಕಾನೂನಿನ ಪ್ರಕಾರ ಯಾರ ಹಕ್ಕು ಮೇಲು ಎಂದು ಕೇಳಿದರೆ, ಆಯೋಗದ ಪಟ್ಟಿಯಲ್ಲಿದ್ದವರದೇ ಮೇಲು ಎಂದು ನಾನು ಹೇಳುತ್ತೇನೆ. ಬಹಿರಂಗ ಸ್ಪರ್ಧೆಯಲ್ಲಿ ಗೆದ್ದು, ಆಯ್ಕೆಯೂ ಮುಗಿದು ಕಾಯುತ್ತಿರುವವನನ್ನು ಬದಿಗೆ ತಳ್ಳಿ ತಾತ್ಕಾಲಿಕನನ್ನು ಅದೇ ಹುದ್ದೆಗೆ ಕಾಯಂ ಮಾಡುವುದು ನ್ಯಾಯವಲ್ಲ. ಕಾರ್ಮಿಕರ ಪರವಾದ ವಾದ ಈ ಮಿತಿಯನ್ನು ಒಪ್ಪಿಕೊಳ್ಳಬೇಕು.

ಆದರೆ ಈ ಉದಾಹರಣೆ ಜನಪ್ರಿಯ ವಾದಕ್ಕೆ ಎಷ್ಟು ನೆರವಾಗುತ್ತದೆ ಎಂಬುದನ್ನೂ ನೋಡಬೇಕು. ಅಲ್ಲಿ ಆಯ್ಕೆ ಪಟ್ಟಿ ಇತ್ತು. ಪಟ್ಟಿಯೇ ಇಲ್ಲದೆ, ವರ್ಷಗಟ್ಟಲೆ ಅಧಿಸೂಚನೆಯೇ ಹೊರಡದೆ ಇರುವಲ್ಲಿ ತಾತ್ಕಾಲಿಕ ಚಾಲಕ ಯಾರ ಜಾಗವನ್ನು ಕಿತ್ತುಕೊಂಡ? ಅವನು ಇಲ್ಲದಿದ್ದರೆ ಆ ಹುದ್ದೆ ಹಳ್ಳಿಯ ಹುಡುಗನಿಗೆ ಸಿಗುತ್ತಿತ್ತು ಎಂಬುದು ಊಹೆ; ಖಾಲಿಯೇ ಇರುತ್ತಿತ್ತು ಅಥವಾ ಇನ್ನೊಬ್ಬ ತಾತ್ಕಾಲಿಕನಿಗೆ ಹೋಗುತ್ತಿತ್ತು ಎಂಬುದು ನಿಗಮಗಳ ನಡತೆಯಿಂದ ಕಾಣುವ ಸಂಗತಿ. ಕೇರಳದಲ್ಲೂ ಪಟ್ಟಿಯಲ್ಲಿದ್ದವರನ್ನು ಹೊತ್ತಿಗೆ ಸರಿಯಾಗಿ ನೇಮಿಸದೆ ಕಾಯಿಸಿದ್ದು ತಾತ್ಕಾಲಿಕ ನಿರ್ವಾಹಕರಲ್ಲ. ಇಬ್ಬರು ನಿರುದ್ಯೋಗಿಗಳನ್ನು ಕೋರ್ಟಿನಲ್ಲಿ ಎದುರುಬದುರು ನಿಲ್ಲಿಸಿದ ಸಂಸ್ಥೆ ಅಗ್ಗದ ದುಡಿಮೆಯ ಲಾಭವನ್ನು ಅಷ್ಟೂ ವರ್ಷ ಉಂಡಿತ್ತು. ಮೀಸಲಾತಿಯ ಮಾತೂ ಹೀಗೆಯೇ. ರೋಸ್ಟರ್ ತಪ್ಪಿಸಿ ನಡೆದ ನೇಮಕಾತಿಯಿಂದ ಪರಿಶಿಷ್ಟರಿಗೆ, ಹಿಂದುಳಿದವರಿಗೆ ಅನ್ಯಾಯವಾಗುತ್ತದೆ, ನಿಜ. ಆದರೆ ಆ ಅನ್ಯಾಯ ಆಗುವುದು ಅಧಿಸೂಚನೆ ನಿಲ್ಲಿಸಿದ ದಿನ. ತಾತ್ಕಾಲಿಕನನ್ನು ಕಾಯಂ ಮಾಡುವ ದಿನ ಹೊಸದಾಗಿ ಹುಟ್ಟುವುದಿಲ್ಲ. ಅದಕ್ಕೆ ಪರಿಹಾರವೂ ಇದೆ: ಈಗಾಗಲೇ ದುಡಿಯುತ್ತಿರುವವರ ಸೇವೆಗೆ ಅಂಕ, ವಯೋಮಿತಿಯಲ್ಲಿ ಸಡಿಲಿಕೆ ಕೊಟ್ಟು, ರೋಸ್ಟರನ್ನೂ ಪಾಲಿಸಿ ನಡೆಸುವ ವಿಶೇಷ ನೇಮಕಾತಿ. ಪೌರಕಾರ್ಮಿಕರ ವಿಷಯದಲ್ಲಿ ವಿಶೇಷ ನೇಮಕಾತಿಯ ದಾರಿ ಹಿಡಿದೇ 2025ರ ಮೇ ತಿಂಗಳಲ್ಲಿ ಬೆಂಗಳೂರಿನಲ್ಲಿ 12,000ಕ್ಕೂ ಹೆಚ್ಚು ಮಂದಿಗೆ ಕಾಯಂ ನೇಮಕಾತಿ ಪತ್ರ ಕೊಡಲಾಯಿತು. ಕಸ ಗುಡಿಸುವವರಿಗೆ ಸಾಧ್ಯವಾದದ್ದು ಬಸ್ ಓಡಿಸುವವರಿಗೆ ಅಸಾಧ್ಯ ಎನ್ನಲು ಕಾರಣ ಕಾಣುವುದಿಲ್ಲ.

ನಷ್ಟದ ವಾದಕ್ಕೆ ಹೆಚ್ಚು ಹೊತ್ತು ಬೇಕಿಲ್ಲ. ಸಾರಿಗೆ ನಿಗಮ ಜನರಿಗೆ ಕಡಿಮೆ ದರದಲ್ಲಿ, ಕೆಲವರಿಗೆ ಉಚಿತವಾಗಿ ಸೇವೆ ಕೊಡಬೇಕೆಂದು ತೀರ್ಮಾನಿಸುವುದು ಸರ್ಕಾರ. ಅದು ಒಳ್ಳೆಯ ತೀರ್ಮಾನ. 2023ರ ಜೂನ್‌ನಿಂದ ಶಕ್ತಿ ಯೋಜನೆಯಡಿ ಮಹಿಳೆಯರು ಉಚಿತವಾಗಿ ಓಡಾಡುತ್ತಿರುವುದರಿಂದ ಬಸ್ಸಿಗೆ ಎಂಥ ಬೇಡಿಕೆಯಿದೆ ಎಂಬುದು ಯಾರಿಗೂ ಹೇಳಬೇಕಾಗಿಲ್ಲ. ಸಾರ್ವಜನಿಕ ಒಳಿತಿನ ಆ ವೆಚ್ಚವನ್ನು ಸಮಾಜವೆಲ್ಲ ಹೊರಬೇಕು. ಬದಲಿ ಚಾಲಕನ ಪಿಂಚಣಿ, ರಜೆ, ವೈದ್ಯಕೀಯ ಸೌಲಭ್ಯ ಕಡಿದು ಸರಿದೂಗಿಸಬಾರದು. ಸಮಾನ ಕೆಲಸಕ್ಕೆ ತಾತ್ಕಾಲಿಕರಿಗೂ ಕಾಯಂ ಶ್ರೇಣಿಯ ಕನಿಷ್ಠ ವೇತನ ಸಲ್ಲಬೇಕೆಂದು 2016ರಲ್ಲಿ ಪಂಜಾಬಿನ ಪ್ರಕರಣದಲ್ಲಿ ತೀರ್ಪಾಗಿದೆ. ಅದನ್ನು ಪ್ರಾಮಾಣಿಕವಾಗಿ ಜಾರಿಗೊಳಿಸಿದರೆ ತಾತ್ಕಾಲಿಕರನ್ನು ಇಟ್ಟುಕೊಳ್ಳುವ ಆಸೆಯೇ ಬಹುಪಾಲು ಇಲ್ಲವಾಗುತ್ತದೆ. ಮುಷ್ಕರ ನಡೆದಾಗಲೆಲ್ಲ ಸಾರಿಗೆ ಅಗತ್ಯ ಸೇವೆ ಎಂದು ಎಸ್ಮಾ ಕಾಯ್ದೆಯನ್ನು ಹೊರತೆಗೆಯುವ ಸರ್ಕಾರವೇ, 2021ರ ಏಪ್ರಿಲ್ ಮುಷ್ಕರದಲ್ಲಿ ಮೊದಲು ಕೈಯಿಟ್ಟದ್ದು ಟ್ರೈನಿಗಳ ಮೇಲೆ. ಒಂದು ದಿನವೂ ನಿಲ್ಲಬಾರದ ಸೇವೆಯನ್ನು ನಡೆಸುವವನು ಯಾವ ದಿನ ಬೇಕಾದರೂ ತೆಗೆದುಹಾಕಬಹುದಾದವನಾಗಿರಬೇಕು ಎಂಬುದರಲ್ಲಿ ತರ್ಕವಿಲ್ಲ.

ಇನ್ನೊಂದು ಆಕ್ಷೇಪವನ್ನು ಕಾರ್ಮಿಕರ ಹಿತೈಷಿಗಳೇ ಎತ್ತುತ್ತಾರೆ: ಕೋರ್ಟುಗಳು ಕಾಯಂಗೆ ಆದೇಶಿಸುತ್ತ ಹೋದರೆ ನಿಗಮಗಳು ತಾತ್ಕಾಲಿಕರನ್ನು ತಾವೇ ನೇಮಿಸುವುದನ್ನು ಬಿಟ್ಟು ಹೊರಗುತ್ತಿಗೆಗೆ ಹೋಗುತ್ತವೆ. ಇದು ಆಗಲೇ ನಡೆಯುತ್ತಿದೆ. ಬೆಂಗಳೂರಿನ ಹಲವು ವಿದ್ಯುತ್ ಬಸ್ಸುಗಳಲ್ಲಿ ನಿರ್ವಾಹಕ ನಿಗಮದವನು, ಚಾಲಕ ಖಾಸಗಿ ಕಂಪನಿಯವನು. ಕಿಲೋಮೀಟರಿಗೆ ಇಷ್ಟು ಎಂದು ನಿಗಮ ಕಂಪನಿಗೆ ಹಣ ಕಟ್ಟುತ್ತದೆ. ಗುತ್ತಿಗೆ ಪದ್ಧತಿ ನಿಷೇಧವಾದರೂ ಗುತ್ತಿಗೆ ಕಾರ್ಮಿಕರು ತಾವಾಗಿಯೇ ಮೂಲ ಮಾಲೀಕನ ನೌಕರರಾಗುವುದಿಲ್ಲ ಎಂದು 2001ರಲ್ಲಿ ಉಕ್ಕು ಪ್ರಾಧಿಕಾರದ ಪ್ರಕರಣದಲ್ಲಿ ಸಂವಿಧಾನ ಪೀಠ ಹೇಳಿರುವುದರಿಂದ, ಈ ಚಾಲಕನಿಗೆ ಬದಲಿ ಚಾಲಕನಿಗಿರುವಷ್ಟು ದಾರಿಯೂ ಇಲ್ಲ. ಅಪಾಯ ದೊಡ್ಡದೇ. ಆದರೆ ಕಾನೂನು ಪಾಲಿಸಿ ಎಂದರೆ ಇನ್ನೂ ಕೆಟ್ಟ ದಾರಿ ಹಿಡಿಯುತ್ತಾರೆ ಎಂಬುದು ಕಾನೂನು ಪಾಲನೆಯ ಒತ್ತಾಯವನ್ನು ಕೈಬಿಡಲು ಕಾರಣವಾಗುವುದಿಲ್ಲ. ಆ ಇನ್ನೊಂದು ದಾರಿಗೂ ಕಾನೂನಿನ ಕಡಿವಾಣ ಬೇಕು ಎಂಬುದನ್ನೇ ಅದು ತೋರಿಸುತ್ತದೆ. ಆ ಕೆಲಸ ಕೋರ್ಟಿನಿಂದಾಗದು, ಶಾಸನಸಭೆಯಿಂದ ಆಗಬೇಕು.

ಕೋರ್ಟಿನ ದಾರಿ ನಿಜಕ್ಕೂ ಉದ್ದವಾದದ್ದು. ಕೆಲಸದಿಂದ ತೆಗೆದುಹಾಕಿದ ಒಬ್ಬ ಕಾರ್ಮಿಕ ತಾನೇ ಕಾರ್ಮಿಕ ನ್ಯಾಯಾಲಯಕ್ಕೆ ಹೋಗಬಹುದು. ಕಾಯಂ ಮಾಡಿ ಎಂಬ ಬೇಡಿಕೆಯನ್ನಾದರೆ ಸಂಘವೋ, ಗಣನೀಯ ಸಂಖ್ಯೆಯ ಸಹೋದ್ಯೋಗಿಗಳೋ ಎತ್ತಿಕೊಳ್ಳಬೇಕು. ಸಂಧಾನ, ನ್ಯಾಯಮಂಡಳಿ, ಹೈಕೋರ್ಟಿನ ಏಕಸದಸ್ಯ ಪೀಠ, ವಿಭಾಗೀಯ ಪೀಠ, ಸುಪ್ರೀಂ ಕೋರ್ಟ್ ಎಂದು ನಿಗಮ ಸಾರ್ವಜನಿಕರ ಹಣದಲ್ಲಿ ಮೇಲ್ಮನವಿ ಹೋಗುತ್ತಲೇ ಇರುತ್ತದೆ; ಮಹಾರಾಷ್ಟ್ರದ ಬಸ್ ಸ್ವಚ್ಛಗೊಳಿಸುವವರ ಪಾಲಿಗೆ ಆ ದಾರಿ ಕೆಲಸಕ್ಕೆ ಸೇರಿದಂದಿನಿಂದ ಎರಡು ದಶಕಗಳನ್ನೂ ಮೀರಿ ಸಾಗಿತು. ನಡುವೆ ತಡೆಯಾಜ್ಞೆಯಿಂದ ಕೆಲಸದಲ್ಲಿ ಉಳಿದವರಿಗೆ ಇನ್ನೂ ಒಂದು ಪೆಟ್ಟು ಕಾದಿರುತ್ತದೆ: ಉಮಾದೇವಿ ತೀರ್ಪಿನ ಹತ್ತು ವರ್ಷದ ಲೆಕ್ಕಕ್ಕೆ ಆ ವರ್ಷಗಳು ಸೇರುವುದಿಲ್ಲ. ಕೋರ್ಟನ್ನು ನಂಬಿದ್ದಕ್ಕೆ ತೆತ್ತ ಬೆಲೆ ಅದು.

ಹಾಗಾಗಿ ಕರ್ನಾಟಕದ ಶಾಸಕರಲ್ಲಿ ಕೇಳಬೇಕಾದದ್ದು ಇದು. ತಮಿಳುನಾಡಿನ ಮಾದರಿಯಲ್ಲಿ ನಿರ್ದಿಷ್ಟ ದಿನಗಳ ಸೇವೆಗೆ ಕಾಯಂ ಹಕ್ಕು ಕೊಡುವ ಕಾಯ್ದೆ ತನ್ನಿ. ಅದರಲ್ಲಿ ಹೊರಗುತ್ತಿಗೆಯ ಚಾಲಕ, ಮೆಕ್ಯಾನಿಕ್‌ಗಳನ್ನೂ ಸೇರಿಸಿ. ನಾ‍ಲ್ಕೂ ಸಾರಿಗೆ ನಿಗಮಗಳು ಡಿಪೋವಾರು ಮಂಜೂರಾದ ಹುದ್ದೆ, ಖಾಲಿ ಹುದ್ದೆ, ಕಾಯಂ ಅಲ್ಲದವರ ಹಾಜರಾತಿಯನ್ನು ಪ್ರತಿ ವರ್ಷ ಪ್ರಕಟಿಸುವಂತೆ ಮಾಡಿ. ಖಾಲಿ ಹುದ್ದೆಗಳಿಗೆ ವರ್ಷಕ್ಕೊಮ್ಮೆ ಅಧಿಸೂಚನೆ ಹೊರಡಲೇಬೇಕೆಂದು ವಿಧಿಸಿ. 2012ರಲ್ಲಿ ದಿನಗೂಲಿ ನೌಕರರ ಕ್ಷೇಮಾಭಿವೃದ್ಧಿಗಾಗಿ ಇದೇ ವಿಧಾನಮಂಡಲ ಕಾಯ್ದೆ ಮಾಡಿದೆ. ಉಮಾದೇವಿ ತೀರ್ಪು ಆಗಲೂ ಇತ್ತು, ಅದು ಅಡ್ಡ ಬರಲಿಲ್ಲ.